ಸವಣೂರ ಸೀಮೆಯ ಕಥನ ಮತ್ತು ಪ್ರತೀಕ

ಪ್ರತೀಕವೆಂಬುದು ಪಂಡಿತಕಾವ್ಯಕ್ಕೆ ಮಾತ್ರ ಸಲ್ಲತಕ್ಕ ಸಂಗತಿಯೆಂದೂ, ಜನರು ಒಲಿದು ಓದುವ ಕಥೆಗಳು ಕೇವಲ ಕಾಲಹರಣದ ಸಾಮಗ್ರಿಯೆಂದೂ ಎಣಿಸುವವರು ಇಂದಿಗೂ ಉಂಟು. ಸವಣೂರು ಮತ್ತು ಅದರ ನೆರೆಹೊರೆಯ ಶಿಗ್ಗಾವಿ, ಹಾವೇರಿ ಪ್ರಾಂತಗಳ ಸಾಹಿತ್ಯಚರಿತ್ರೆಯನ್ನು ಅನುಕ್ರಮವಾಗಿ ಪರಿಶೀಲಿಸಿದವರಿಗೆ ಮಾತ್ರ ಈ ಎಣಿಕೆ ನಿರಾಧಾರವೆಂದು ತೋರದಿರದು.

ಶಿಗ್ಗಾವಿ ತಾಲೂಕಿನ ಬಾಡದಲ್ಲಿ ಜನಿಸಿ, ಕಾಗಿನೆಲೆಯ ಆದಿಕೇಶವನ ಅಂಕಿತದಲ್ಲಿ ಹಾಡಿದ ಕನಕದಾಸರು ಭಾಮಿನೀ ಷಟ್ಪದಿಯಲ್ಲಿ ರಚಿಸಿದ ‘ರಾಮಧಾನ್ಯ ಚರಿತ್ರೆ’ಯನ್ನೇ ಮೊದಲು ನೋಡಬಹುದು. ನೆಲ್ಲು ತನ್ನ ಕುಲವನ್ನೂ ಸಿರಿವಂತರ ಮನೆಯ ಮನ್ನಣೆಯನ್ನೂ ಹೊಗಳಿಕೊಂಡರೆ, ನರೆದಲೆಗವೆಂಬ ರಾಗಿ ತಾನು ಬಡವರನ್ನು ಸಲಹುವೆನೆಂದು ಎದುರಾಡುತ್ತದೆ. ವ್ಯಾಜ್ಯವನ್ನು ಕೇಳಿದ ಶ್ರೀರಾಮನು ಎರಡನ್ನೂ ಆರು ತಿಂಗಳು ಸೆರೆಯಲ್ಲಿಡಿಸಲು, ನೆಲ್ಲು ಕಳೆಗುಂದಿ, ರಾಗಿ ಕೆಡದೆ ಉಳಿದು, ರಾಘವನ ಹೆಸರನ್ನೇ ಪಡೆಯುತ್ತದೆ. ಹಗೇವಿನಲ್ಲಿ ಧಾನ್ಯವನ್ನು ತುಂಬಿಡುತ್ತಿದ್ದ ಒಕ್ಕಲಿಗನಿಗೆ ಈ ತೀರ್ಪಿನ ಮರ್ಮವನ್ನು ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಮೇಲುಕೀಳುಗಳ ವಿಚಾರವು ಇಲ್ಲಿ ಉಪದೇಶವಾಗಿ ಬಂದುದಲ್ಲ. ಕಾಳಿನ ಗುಣವನ್ನೇ ಆಶ್ರಯಿಸಿ ಬಂದುದರಿಂದಲೇ ಕಥೆ ಕಥೆಯಾಗಿಯೂ ನಿಂತಿತು, ಅರ್ಥ ಅರ್ಥವಾಗಿಯೂ ಬೆಳೆಯಿತು.

ಅದೇ ತಾಲೂಕಿನ ಶಿಶುವಿನಹಾಳದಲ್ಲಿ 1819ರಲ್ಲಿ ಹುಟ್ಟಿ, ಕಳಸದ ಗೋವಿಂದಭಟ್ಟರ ಶಿಷ್ಯರಾದ ಷರೀಫರು ಸೋರುವ ಮಾಳಿಗೆಯನ್ನೂ ಸಂತೆಯನ್ನೂ ದೇಹಜೀವಗಳ ಕುರುಹಾಗಿ ಹಾಡಿದರು. ಏಕತಾರಿಯೊಡನೆ ಊರೂರಿಗೆ ಹಬ್ಬಿದ ಆ ತತ್ತ್ವಪದಗಳು, ಅಕ್ಷರ ಬಾರದವರಲ್ಲಿಯೂ ಒಂದನ್ನು ಕೇಳಿ ಇನ್ನೊಂದನ್ನು ತಿಳಿಯುವ ಸಂಸ್ಕಾರವನ್ನು ನೆಲೆಗೊಳಿಸಿದವು.

ಇಂತಹ ನೆಲದಲ್ಲಿಯೇ ಕಾದಂಬರಿಯು ಕಾಲಿರಿಸಿತು. ಹಾವೇರಿಯ ಸಮೀಪದ ಗಳಗನಾಥದಲ್ಲಿ 1869ರಲ್ಲಿ ಜನಿಸಿದ ವೆಂಕಟೇಶ ತಿರಕೋ ಕುಲಕರ್ಣಿಯವರು ಊರ ಹೆಸರನ್ನೇ ತಮ್ಮ ಹೆಸರಾಗಿಸಿಕೊಂಡು, ‘ಸದ್ಬೋಧ ಚಂದ್ರಿಕೆ’ ಪತ್ರಿಕೆಯನ್ನು ನಡೆಸಿ, ಪುಸ್ತಕದ ಹೊರೆಯನ್ನು ತಾವೇ ಹೊತ್ತು ಊರೂರು ತಿರುಗಿ ಮಾರಿದ ವೃತ್ತಾಂತ ಪ್ರಸಿದ್ಧವಾಗಿದೆ. ಮರಾಠಿಯ ಪ್ರಭಾವದ ಮುಂಬಯಿ ಪ್ರಾಂತದಲ್ಲಿ, ಕರ್ನಾಟಕವು ಹರಿದು ಹಂಚಿಹೋಗಿದ್ದ ಆ ದಿನಗಳಲ್ಲಿ, ಆಲೂರ ವೆಂಕಟರಾಯರು 1917ರಲ್ಲಿ ‘ಕರ್ನಾಟಕ ಗತವೈಭವ’ದಿಂದ ಸಾಧಿಸಹೊರಟುದನ್ನೇ ಗಳಗನಾಥರು 1923ರ ‘ಮಾಧವ ಕರುಣಾ ವಿಲಾಸ’ದಲ್ಲಿ ಕಥೆಯಾಗಿ ಹೆಣೆದರು. ಅದರ ವಿಜಯನಗರವು ಇತಿಹಾಸದ ರಾಜಧಾನಿಯಷ್ಟೇ ಅಲ್ಲ. ಕೂಡಿ ಬಾಳಬೇಕೆಂಬ ಕನ್ನಡಿಗರ ಹಂಬಲಕ್ಕೆ ದೊರೆತ ಗೋಚರರೂಪವೂ ಹೌದು. ಸದ್ಬೋಧದ ಹಂಬಲವು ಅವರ ಗದ್ಯದಲ್ಲಿ ಕೆಲವೆಡೆ ಪ್ರತೀಕವನ್ನು ಮೀರಿ ಮಾತನಾಡುವುದುಂಟಾದರೂ, ಓದುಗರು ಕಂಡುದು ಬೋಧೆಯನ್ನಲ್ಲ, ಪಟ್ಟಣವನ್ನು.

ವಿಮರ್ಶೆಯ ಕಣ್ಣೂ ಇದೇ ಸೀಮೆಯಿಂದ ಬಂದಿತೆಂಬುದು ಗಮನಾರ್ಹ. ನವಾಬರ ಸಂಸ್ಥಾನವಾಗಿದ್ದ ಸವಣೂರಿನಲ್ಲಿ 1909ರಲ್ಲಿ ಜನಿಸಿ, ಅಲ್ಲಿಯ ಮಜೀದ್ ಹೈಸ್ಕೂಲಿನಲ್ಲಿಯೂ ಮುಂದೆ ಧಾರವಾಡ, ಆಕ್ಸ್‌ಫರ್ಡುಗಳಲ್ಲಿಯೂ ವ್ಯಾಸಂಗ ಮಾಡಿದ ವಿನಾಯಕ ಕೃಷ್ಣ ಗೋಕಾಕರು, ‘ಸಮುದ್ರ ಗೀತೆಗಳು’ ಸಂಕಲನದಲ್ಲಿ ಕಡಲನ್ನು ಅಂತರಂಗದ ಸಂಕೇತವಾಗಿಸಿದರು. ಪಾಶ್ಚಾತ್ಯ ಕಾವ್ಯಪರಿಚಯವನ್ನೂ ಅರವಿಂದರ ದರ್ಶನವನ್ನೂ ಬೆಸೆದು, 1950ರ ಸುಮಾರಿಗೆ ನವ್ಯಕಾವ್ಯವನ್ನು ಸಾರಿದರು. ‘ಸಮರಸವೇ ಜೀವನ’ದ ಕರ್ತೃವಾಗಿ ಕಾದಂಬರಿಯ ಕಸುಬನ್ನೂ ಅವರು ಬಲ್ಲವರಾಗಿದ್ದರು. ಆದರೆ ಅವರ ಬಳಿಕ ಬೆಳೆದ ನವ್ಯವಿಮರ್ಶೆಯು ಪ್ರತೀಕದ ಅನ್ವೇಷಣೆಯನ್ನು ಬಹುಮಟ್ಟಿಗೆ ಕವಿತೆಗೂ ಗಂಭೀರ ಕಾದಂಬರಿಗೂ ಮೀಸಲಿಟ್ಟಿತು. ಗಳಗನಾಥರಿಗೆ ಲಭಿಸಿದುದು ಸಾಹಿತ್ಯಚರಿತ್ರೆಯಲ್ಲೊಂದು ಗೌರವದ ಸ್ಥಾನವೇ ಹೊರತು ಸೂಕ್ಷ್ಮವಾದ ಓದಲ್ಲ.

ಈ ಪಂಕ್ತಿಭೇದಕ್ಕೆ ಆಧಾರವಿಲ್ಲ. ಕಥೆಯಲ್ಲಿ ಬಂದ ವಸ್ತು ತನ್ನ ಸಹಜಗುಣವನ್ನು ಕಳೆದುಕೊಳ್ಳದೆ ಮತ್ತೊಂದನ್ನು ಸೂಚಿಸುತ್ತದೆಯೇ, ಅಥವಾ ಲೇಖಕನು ಮೇಲಿನಿಂದ ಅಂಟಿಸಿದ ಚೀಟಿಯಾಗಿ ಉಳಿಯುತ್ತದೆಯೇ ಎಂಬುದೊಂದೇ ಒರೆಗಲ್ಲು. ಕೃತಿಯ ಪ್ರತಿಗಳು ಎಷ್ಟು ಮಾರಿಹೋದವೆಂಬ ಲೆಕ್ಕ ಅಲ್ಲಿ ಬರಲಾಗದು. ರಾಗಿಯನ್ನು ಒರೆಗೆ ಹಚ್ಚಿದಂತೆಯೇ ವಿಜಯನಗರವನ್ನೂ, ಇಂದಿನ ಧಾರಾವಾಹಿಯ ನಾಯಕಿಯ ಮನೆಯನ್ನೂ ಹಚ್ಚಿ ನೋಡಬಲ್ಲ ವಿಮರ್ಶಕನು, ಕನಕ ಷರೀಫರ ಶ್ರೋತೃಗಳಿಗೆ ಹಿಂದೆಯೇ ಸಿದ್ಧಿಸಿದ್ದ ವಿವೇಕಕ್ಕೆ ಶಾಸ್ತ್ರದ ಭಾಷೆಯನ್ನು ಒದಗಿಸಿದವನಾಗುವನು.