ನಿಲುಫೆರ್ ಎಂಬ ನೀಲೋತ್ಪಲ

ವಿದೇಶದಲ್ಲಿ ನೆಲೆಸಿರುವ ನನ್ನ ಹಳೆಯ ವಿದ್ಯಾರ್ಥಿನಿಯೊಬ್ಬಳು, "ಮೇಷ್ಟ್ರೇ, ನೆರೆಮನೆಯ ತುರ್ಕಿ ಹುಡುಗಿಯ ಹೆಸರು ನಿಲುಫೆರ್. ಅದರಲ್ಲಿ ನಮ್ಮ ‘ನೀಲ’ ಇದೆಯೇ?" ಎಂದು ಪತ್ರ ಬರೆದು ಕೇಳಿದ್ದಾಳೆ.

ಇದೆ, ತಾಯಿ. ಸಂಸ್ಕೃತದ ‘ನೀಲೋತ್ಪಲ’, ಅಂದರೆ ನಮ್ಮ ಕನ್ನೈದಿಲೆ, ಪಾರಸಿಯಲ್ಲಿ ‘ನೀಲೂಫರ್’ ಆಯಿತು. ಅಲ್ಲಿಂದ ತುರ್ಕಿ ಭಾಷೆಗೆ ಸಂದು ‘ನಿಲುಫೆರ್’ ಎನಿಸಿತು. ಅರಬ್ಬಿಯ ಮೂಲಕ ಸಾಗಿದ ಇನ್ನೊಂದು ಕವಲು ಫ್ರೆಂಚ್ ಭಾಷೆಯಲ್ಲಿ ‘ನೆನುಫಾರ್’ ಆಗಿದೆ. ತುರ್ಕಿಯಲ್ಲಿ ಇಂದಿಗೂ ಈ ಪದಕ್ಕೆ ನೈದಿಲೆಯೆಂದೇ ಅರ್ಥ. 1932ರಲ್ಲಿ ಆರಂಭವಾದ ಅಲ್ಲಿನ ಭಾಷಾ ಸುಧಾರಣೆಯು ಅರಬ್ಬಿ, ಪಾರಸಿ ಪದಗಳನ್ನು ಹೊರಗಿಡಲು ಯತ್ನಿಸಿದರೂ ಈ ಹೆಸರು ಉಳಿಯಿತು.

ಇತಿಹಾಸದಲ್ಲಿ ಈ ಹೆಸರನ್ನು ನಿಲ್ಲಿಸಿದವಳು ನಿಲುಫೆರ್ ಹಾತೂನ್. ಆಕೆ ಒಟ್ಟೊಮನ್ ದೊರೆ ಓರ್ಹಾನನ ಪತ್ನಿ, ಒಂದನೆಯ ಮುರಾದನ ತಾಯಿ; ಗ್ರೀಕ್ ಮನೆತನದಲ್ಲಿ ಹುಟ್ಟಿದವಳೆಂದು ಪ್ರತೀತಿ. 1388ರಲ್ಲಿ ಮುರಾದನು ಇಜ್ನಿಕ್ ಪಟ್ಟಣದಲ್ಲಿ ತಾಯಿಯ ಹೆಸರಿನಲ್ಲಿ ಕಟ್ಟಿಸಿದ್ದು ಕೋಟೆಯನ್ನಲ್ಲ, ಬಡವರಿಗೂ ದಾರಿಹೋಕರಿಗೂ ಉಣಬಡಿಸುವ ಛತ್ರವನ್ನು. ಆ ಕಟ್ಟಡವೇ 1960ರಲ್ಲಿ ವಸ್ತುಸಂಗ್ರಹಾಲಯವಾಯಿತು. ಬುರ್ಸಾ ನಗರದ ಬಳಿ ಹರಿಯುವ ಹೊಳೆಗೂ ನಿಲುಫೆರ್ ಎಂದೇ ಹೆಸರು.

ತರಗತಿಯಲ್ಲಿ ನಾನು ತುರ್ಕರೆಂದರೆ 1453, ಕಾನ್‌ಸ್ಟಾಂಟಿನೋಪಲ್, ಮುತ್ತಿಗೆ ಎಂದಷ್ಟೇ ಬಾಯಿಪಾಠ ಮಾಡಿಸಿದೆ. ಈ ಛತ್ರದ ಮಾತನ್ನು ಹೇಳಲೇ ಇಲ್ಲ. ಆ ಕೊರತೆಯನ್ನು ಇಂದು ತುಂಬಿಕೊಡುತ್ತಿದ್ದೇನೆ.

ಒಂದು ಮಾತು ಮಗಳೇ. ಆ ಹುಡುಗಿಗೆ, "ನಿನ್ನ ಹೆಸರು ನಮ್ಮದು" ಎನ್ನಬೇಡ. "ಈ ಹೂವು ನಮ್ಮೂರ ಕೆರೆಯಲ್ಲೂ ಅರಳುತ್ತದೆ" ಎನ್ನು.