ಮಾಯದ ಹುಣ್ಣೆಲ್ಲ ಉಷ್ಣವಲ್ಲ: ಸ್ಕ್ವಾಮಸ್ ಸೆಲ್ ಕಾರ್ಸಿನೋಮಾ ಅಂದ್ರೇನು, ದೇಹದಲ್ಲಿ ಎಲ್ಲೆಲ್ಲಿ ಬರುತ್ತೆ?

ಬಳ್ಳಾರಿ: ನಮ್ಮ ಕಡೆ ಬಾಯಲ್ಲಿ ಹುಣ್ಣಾದ್ರೆ ಮೊದಲು ಬರೋ ಮಾತು 'ಉಷ್ಣ ಆಗಿರ್ಬೇಕು'. ಬಳ್ಳಾರಿ ಬಿಸಿಲು ಅಂಥದ್ದು, ಮಾತು ಸುಳ್ಳೂ ಅಲ್ಲ ಅನ್ಸುತ್ತೆ. ಎಳನೀರು, ಮಜ್ಜಿಗೆ, ಮೆಡಿಕಲ್ ಶಾಪಿನ ಬಿ ಕಾಂಪ್ಲೆಕ್ಸ್ ಮಾತ್ರೆಯಲ್ಲೇ ತಿಂಗಳು ಕಳೆದುಹೋಗುತ್ತೆ. ಆದರೆ ಸಾಮಾನ್ಯ ಹುಣ್ಣು ಎರಡು ವಾರದೊಳಗೆ ಮಾಯುತ್ತದೆ. ಅದಕ್ಕೂ ಮೀರಿ ಉಳಿದರೆ ಉಷ್ಣ ಅಂತ ಸುಮ್ಮನಿರುವ ಹಾಗಿಲ್ಲ.

ತಡವಾಗಿ ಆಸ್ಪತ್ರೆಗೆ ಹೋದ ಅನೇಕರ ರಿಪೋರ್ಟ್‌ನಲ್ಲಿ ಕಾಣುವ ಹೆಸರು ಸ್ಕ್ವಾಮಸ್ ಸೆಲ್ ಕಾರ್ಸಿನೋಮಾ, ಚಿಕ್ಕದಾಗಿ ಎಸ್‌ಸಿಸಿ.

ಏನಿದು ಎಸ್‌ಸಿಸಿ?

ಚರ್ಮದ ಮೇಲ್ಪದರ ಮತ್ತು ಬಾಯಿ, ಗಂಟಲು, ಅನ್ನನಾಳದಂತಹ ಜಾಗಗಳ ಒಳಪದರದಲ್ಲಿ ಚಪ್ಪಟೆ ಜೀವಕೋಶಗಳಿರುತ್ತವೆ. ಇವೇ ಸ್ಕ್ವಾಮಸ್ ಕೋಶಗಳು. ತಂಬಾಕು, ಬಿಸಿಲು, ವೈರಸ್ ಅಥವಾ ಹಳೆಯ ಗಾಯದಿಂದ ಈ ಕೋಶಗಳು ಪದೇ ಪದೇ ಹಾಳಾಗುತ್ತಾ ಹೋದರೆ ಕೊನೆಗೊಮ್ಮೆ ಹಿಡಿತ ತಪ್ಪಿ ಬೆಳೆಯಲು ಶುರುವಾಗುತ್ತವೆ. ಮುಂದೆ ಹತ್ತಿರದ ಗ್ರಂಥಿಗಳಿಗೂ ಹರಡಬಹುದು.

ಎಲ್ಲೆಲ್ಲಿ ಬರುತ್ತೆ?

ಬಾಯಿ: ಭಾರತದ ಬಾಯಿ ಕ್ಯಾನ್ಸರ್‌ಗಳಲ್ಲಿ ಶೇ 90ಕ್ಕೂ ಹೆಚ್ಚು ಇದೇ ಜಾತಿಯವು. ತಂಬಾಕು, ಗುಟ್ಕಾ, ಜರ್ದಾ, ಬೀಡಿ ಮುಖ್ಯ ಕಾರಣ. ತಂಬಾಕಿಲ್ಲದ ಅಡಿಕೆಯೂ ಕ್ಯಾನ್ಸರ್‌ಕಾರಕ ಅಂತ ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆ 2004ರಲ್ಲೇ ಹೇಳಿದೆ. ರಾಜ್ಯದಲ್ಲಿ 2013ರಿಂದ ಗುಟ್ಕಾ ನಿಷೇಧ ಇದೆ. ಆದರೆ ಪಾನ್ ಮಸಾಲಾ ಒಂದು ಚೀಟಿ, ತಂಬಾಕು ಇನ್ನೊಂದು ಚೀಟಿ ತಗೊಂಡು ಬಾಯಲ್ಲೇ ಕಲಸಿದರೆ ಅದು ಗುಟ್ಕಾನೇ.

ಒಂದು ಮುನ್ಸೂಚನೆ ನಮ್ಮೂರಲ್ಲಿ ಬೇಗ ಗೊತ್ತಾಗುತ್ತೆ. ದಿನಾ ಒಗ್ಗರಣೆ ಮಿರ್ಚಿ ತಿನ್ನೋರಿಗೆ ಇದ್ದಕ್ಕಿದ್ದಂತೆ ಖಾರ ತಡೆಯಲಾಗದ ಉರಿ ಶುರುವಾಗುತ್ತೆ, ನಿಧಾನಕ್ಕೆ ಬಾಯಿ ತೆರೆಯೋದೂ ಕಷ್ಟ ಆಗುತ್ತೆ. ತಪ್ಪು ಮೆಣಸಿನಕಾಯಿಯದ್ದಲ್ಲ. ಅಡಿಕೆಯಿಂದ ಕೆನ್ನೆಯ ಒಳಭಾಗ ಬಿಗಿಯಾಗಿರುತ್ತೆ. ತಮ್ಮದೇ ಮೂರು ಬೆರಳು ಒಂದರ ಮೇಲೊಂದು ಇಟ್ಟು ಬಾಯೊಳಗೆ ಹಿಡಿಸದಿದ್ದರೆ ಡಾಕ್ಟರಿಗೆ ತೋರಿಸಬೇಕು.

ಗಂಟಲು, ಧ್ವನಿಪೆಟ್ಟಿಗೆ: ಮೂರು ವಾರ ಕಳೆದರೂ ಸರಿಹೋಗದ ಗೊಗ್ಗರು ದನಿ, ಕುತ್ತಿಗೆಯಲ್ಲಿ ಗಂಟು.

ಅನ್ನನಾಳ: ಮೊದಲು ಜೋಳದ ರೊಟ್ಟಿ ಇಳಿಯಲ್ಲ, ಆಮೇಲೆ ಅನ್ನ, ಕೊನೆಗೆ ನೀರು. ಗ್ಯಾಸ್ಟ್ರಿಕ್ ಅಂತ ಮಾತ್ರೆ ನುಂಗುತ್ತಾ ಕೂರಬಾರದು.

ಶ್ವಾಸಕೋಶ: ಬೀಡಿ, ಸಿಗರೇಟ್ ಸೇದುವವರಲ್ಲಿ ಹೆಚ್ಚು. ಕೆಮ್ಮಿನಲ್ಲಿ ರಕ್ತ ಬಂದರೆ ಟಿಬಿ ಜೊತೆಗೆ ಇದನ್ನೂ ಪರೀಕ್ಷಿಸಬೇಕು.

ಗರ್ಭಕಂಠ: ಇಲ್ಲಿನ ಕ್ಯಾನ್ಸರ್‌ಗಳಲ್ಲಿ ಬಹುಪಾಲು ಎಸ್‌ಸಿಸಿ. ಕಾರಣ ಎಚ್‌ಪಿವಿ ವೈರಸ್. ಮುಟ್ಟು ನಿಂತ ಮೇಲೆ ರಕ್ತ, ಗಂಡ-ಹೆಂಡತಿ ಸೇರಿದ ನಂತರ ರಕ್ತ, ವಾಸನೆಯ ಬಿಳಿಸೆರಗು ಕಂಡರೆ ನಾಚಿಕೊಂಡು ಮುಚ್ಚಿಡಬಾರದು. 9ರಿಂದ 14 ವರ್ಷದ ಹೆಣ್ಣುಮಕ್ಕಳಿಗೆ ಇದನ್ನು ತಡೆಯುವ ಲಸಿಕೆ ಇದೆ. ಗುದದ್ವಾರ ಮತ್ತು ಶಿಶ್ನದಲ್ಲೂ ಎಸ್‌ಸಿಸಿ ಬರುತ್ತದೆ.

ಚರ್ಮ: ಬಿಳಿ ಚರ್ಮದವರಿಗೆ ಬಿಸಿಲೇ ದೊಡ್ಡ ಕಾರಣ. ನಮ್ಮಂಥ ಕಪ್ಪು, ಕಂದು ಚರ್ಮದವರಲ್ಲಿ ಹಳೆಯ ಸುಟ್ಟ ಕಲೆ, ವರ್ಷಗಟ್ಟಲೆ ಮಾಯದ ಕಾಲಿನ ಹುಣ್ಣಿನ ಜಾಗದಲ್ಲಿ ಹೆಚ್ಚು. ಕಾಶ್ಮೀರದಲ್ಲಿ ಚಳಿಗೆ ಹೊಟ್ಟೆ ಹತ್ತಿರ ಹಿಡಿಯುವ ಕೆಂಡದ ಮಡಕೆ ಕಾಂಗ್ಡಿಯಿಂದ, ಸೊಂಟಕ್ಕೆ ದಶಕಗಟ್ಟಲೆ ಬಿಗಿಯಾಗಿ ಕಟ್ಟುವ ಧೋತರ, ಸೀರೆಯಿಂದಲೂ ಇದು ಬಂದದ್ದು ವೈದ್ಯರ ದಾಖಲೆಯಲ್ಲಿದೆ. ಸಿರುಗುಪ್ಪದ ಭತ್ತದ ಗದ್ದೆಯಲ್ಲಿ, ಕುರುಗೋಡಿನ ಮೆಣಸಿನಕಾಯಿ ಹೊಲದಲ್ಲಿ ದುಡಿಯೋರು ಕಾಲಿನ ಗಾಯಕ್ಕೆ ಬಟ್ಟೆ ಸುತ್ತಿ ಮರೆಯಬಾರದು. ಹಳೆಯ ಗಾಯದ ಅಂಚು ದಪ್ಪಗಾಗಿ ಮೇಲೆದ್ದರೆ, ರಕ್ತ ಜಿನುಗಿದರೆ, ವಾಸನೆ ಬಂದರೆ ಪರೀಕ್ಷೆ ಆಗಲೇಬೇಕು.

ನೋವಿಲ್ಲ ಅಂದ್ರೆ ತೊಂದ್ರೆ ಇಲ್ವಾ?

ಇದೇ ದೊಡ್ಡ ತಪ್ಪು ತಿಳಿವಳಿಕೆ. ಶುರುವಿನಲ್ಲಿ ಎಸ್‌ಸಿಸಿ ಹೆಚ್ಚಾಗಿ ನೋಯಲ್ಲ. ಒರೆಸಿದರೂ ಹೋಗದ ಬಿಳಿ ಅಥವಾ ಕೆಂಪು ಮಚ್ಚೆ, ಗಟ್ಟಿ ಅಂಚಿನ ಹುಣ್ಣು, ಕಾರಣವಿಲ್ಲದೆ ಅಲ್ಲಾಡುವ ಹಲ್ಲು ಇವೇ ಗುರುತು.

ಇನ್ನೊಂದು ಭಯ, 'ಕತ್ತರಿ ತಾಗಿದ್ರೆ ಹರಡುತ್ತೆ' ಅನ್ನೋದು. ಬಯಾಪ್ಸಿ ಅಂದರೆ ಚೂರು ಮಾಂಸ ತೆಗೆದು ಪರೀಕ್ಷೆ. ಅದರಿಂದ ರೋಗ ಹರಡುತ್ತೆ ಅನ್ನೋ ಭಯ ಬೇಡ. ಬಯಾಪ್ಸಿ ಇಲ್ಲದೆ ರೋಗ ಖಚಿತವಾಗಲ್ಲ.

ರಿಪೋರ್ಟ್‌ನಲ್ಲಿ 'ವೆಲ್ ಡಿಫರೆನ್ಶಿಯೇಟೆಡ್' ಅಂತಿದ್ದರೆ ಕೋಶಗಳು ಇನ್ನೂ ಸಾಮಾನ್ಯ ಕೋಶದಂತೆ ಕಾಣುತ್ತಿವೆ ಎಂದರ್ಥ. ಅದು ಗ್ರೇಡ್. ಎಷ್ಟು ಹರಡಿದೆ ಅನ್ನೋದು ಸ್ಟೇಜ್. 'ವೆಲ್' ಅಂತ ಓದಿ ಚಿಕಿತ್ಸೆ ಬಿಡಬಾರದು.

ಎಲ್ಲಿ ತೋರಿಸೋದು?

ಮೊದಲ ಹೆಜ್ಜೆಗೆ ಬೆಂಗಳೂರೇ ಬೇಕಂತಿಲ್ಲ. ಸಿರುಗುಪ್ಪ ತಾಲ್ಲೂಕು ಆಸ್ಪತ್ರೆ, ಕುರುಗೋಡಿನ ಸರ್ಕಾರಿ ಆಸ್ಪತ್ರೆಯಲ್ಲಿ ತೋರಿಸಬಹುದು. ಬಾಯಿ ಹುಣ್ಣಾದರೆ ಬಳ್ಳಾರಿಯ ಸರ್ಕಾರಿ ದಂತ ವೈದ್ಯಕೀಯ ಕಾಲೇಜು ಇದೆ. ಉಳಿದದ್ದಕ್ಕೆ ಜನ ಇನ್ನೂ ವಿಮ್ಸ್ ಅಂತಲೇ ಕರೆಯುವ ಬಿಎಂಸಿಆರ್‌ಸಿ ಇದೆ. ಹೆಚ್ಚಿನ ಚಿಕಿತ್ಸೆಗೆ ಹುಬ್ಬಳ್ಳಿ ನವನಗರದ ಕ್ಯಾನ್ಸರ್ ಆಸ್ಪತ್ರೆ, ಬೆಂಗಳೂರಿನ ಕಿದ್ವಾಯಿ. 30 ವರ್ಷ ದಾಟಿದವರಿಗೆ ಬಾಯಿ, ಸ್ತನ, ಗರ್ಭಕಂಠದ ತಪಾಸಣೆ ಸರ್ಕಾರಿ ಕಾರ್ಯಕ್ರಮದಲ್ಲೇ ಇದೆ, ಆಶಾ ಕಾರ್ಯಕರ್ತೆಯರನ್ನು ಕೇಳಬಹುದು. ಆಯುಷ್ಮಾನ್ ಭಾರತ್-ಆರೋಗ್ಯ ಕರ್ನಾಟಕದಲ್ಲಿ ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂ. ವರೆಗೆ ನೆರವಿದೆ. ತಂಬಾಕು ಬಿಡಲು ಉಚಿತ ಸಹಾಯವಾಣಿ: 1800-11-2356.

ಬಾಯಿಯಲ್ಲಿ 2 ಸೆಂ.ಮೀ. ಒಳಗೆ ಇದ್ದಾಗ ಸಿಕ್ಕಿದ ಗಡ್ಡೆಗೆ ಎಷ್ಟೋ ಸಲ ಒಂದು ಆಪರೇಷನ್ ಸಾಕಾಗುತ್ತೆ. ತಡವಾದರೆ ದವಡೆ ತೆಗೀಬೇಕು, ರೇಡಿಯೇಷನ್ ಬೇಕು, ಮನೆ ಮಂದಿಯ ತಿಂಗಳುಗಟ್ಟಲೆ ದುಡಿಮೆ ಹೋಗುತ್ತೆ. ತಿಂಗಳಿಗೊಮ್ಮೆ ಕನ್ನಡಿ ಮುಂದೆ ನಿಂತು, ಮೊಬೈಲ್ ಟಾರ್ಚ್ ಹಾಕಿ ನಾಲಿಗೆ ಎತ್ತಿ, ಕೆನ್ನೆ ಎಳೆದು ನೋಡಿಕೊಳ್ಳಲು ಎರಡು ನಿಮಿಷ ಸಾಕು. ಹುಣ್ಣು ಕಂಡ ದಿನ ಕ್ಯಾಲೆಂಡರ್‌ನಲ್ಲಿ ಗುರುತು ಹಾಕಿ. ಹದಿನೈದನೇ ದಿನಕ್ಕೂ ಅದು ಇದ್ದರೆ ಆಸ್ಪತ್ರೆಗೆ ಹೊರಡಿ.