ದೂರ ಒಂದು, ಉತ್ತರ ಎರಡು

ಬಳ್ಳಾರಿಯಿಂದ ಸಿರುಗುಪ್ಪಕ್ಕೆ ಐವತ್ತು ಕಿ.ಮೀ. ಮೀರಿದ ದಾರಿ. ಬಳ್ಳಾರಿಯಿಂದ 30ನೇ ಕಿ.ಮೀ. ಕಲ್ಲಿನ ಬಳಿ ಭತ್ತದ ಲಾರಿಯೊಂದು ನಿಂತಿದೆ ಎನ್ನಿ. ಇನ್ನೊಂದು ಲಾರಿ ಅದೇ ದಾರಿಯಲ್ಲಿ ಅದರಿಂದ 12 ಕಿ.ಮೀ. ದೂರದಲ್ಲಿದೆ. ಎಲ್ಲಿ? 18ನೇ ಕಲ್ಲಿನಲ್ಲಿರಬಹುದು, 42ನೆಯದರಲ್ಲೂ ಇರಬಹುದು. ಬರೆದರೆ ಇದು |ಯ − 30| = 12. ಪ್ರಥಮ ಪಿಯುಸಿಯಲ್ಲಿ ಮಾಡ್ಯುಲಸ್ ಎಂದು ಎದುರಾಗುವ ನಿರಪೇಕ್ಷ ಬೆಲೆಯ ತಿರುಳು ಇಷ್ಟೇ: ದೂರ ಗೊತ್ತು, ದಿಕ್ಕು ಗೊತ್ತಿಲ್ಲ.

ಎರಡು ನಿಂತ ಗೆರೆಗಳ ಗುರುತು ಈಚಿನದು. ಜರ್ಮನಿಯ ವಯರ್‌ಸ್ಟ್ರಾಸ್ 1841ರಲ್ಲಿ ಬಳಕೆಗೆ ತಂದದ್ದು. ಯೋಚನೆ ಮಾತ್ರ ಬಹಳ ಹಳೆಯದು. ಧನವನ್ನೂ ಋಣವನ್ನೂ ಕೂಡಿದರೆ ಸಿಗುವುದು ಅವುಗಳ ಅಂತರ ಎಂದು ಬ್ರಹ್ಮಗುಪ್ತ 628ರಲ್ಲೇ ಹೇಳಿದ್ದ. ಚಿಹ್ನೆಯನ್ನು ಬದಿಗಿಟ್ಟು ಗಾತ್ರವನ್ನಷ್ಟೇ ನೋಡದೆ ಈ ನಿಯಮದಂತೆ ಲೆಕ್ಕ ಮಾಡಲಾಗದು.

ಮುಂದಿನ ಹೆಜ್ಜೆ ನಮ್ಮ ನೆಲದ್ದು. ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸುಮಾರು 850ರಲ್ಲಿ, ಮಹಾವೀರಾಚಾರ್ಯರು 'ಗಣಿತಸಾರಸಂಗ್ರಹ' ಬರೆದರು. ಧನದ ವರ್ಗವೂ ಋಣದ ವರ್ಗವೂ ಧನವೇ, ಋಣಸಂಖ್ಯೆ ಯಾವುದರ ವರ್ಗವೂ ಅಲ್ಲವಾದ್ದರಿಂದ ಅದಕ್ಕೆ ವರ್ಗಮೂಲವಿಲ್ಲ ಎಂದು ಅವರು ಖಚಿತವಾಗಿ ನುಡಿದರು. ವರ್ಗ ಮಾಡಿದೊಡನೆ ಚಿಹ್ನೆ ಅಳಿಯುತ್ತದೆ. ಮೂಲಕ್ಕೆ ಮರಳುವಾಗ ಎರಡು ದಾರಿ ತೆರೆಯುತ್ತವೆ. ಈ ಗ್ರಂಥವನ್ನು ಎಂ. ರಂಗಾಚಾರ್ಯರು 1912ರಲ್ಲಿ ಇಂಗ್ಲಿಷ್ ಅನುವಾದದೊಡನೆ ಮದರಾಸಿನಲ್ಲಿ ಹೊರತಂದರು. ಬಳ್ಳಾರಿ ಆಗ ಮದರಾಸು ಪ್ರಾಂತದಲ್ಲೇ ಇತ್ತು. ಕನ್ನಡ ಅನುವಾದಕ್ಕೆ 2000ದವರೆಗೆ, ಪ್ರೊ. ಪದ್ಮಾವತಮ್ಮನವರವರೆಗೆ, ಕಾಯಬೇಕಾಯಿತು. 12ನೇ ಶತಮಾನದ ರಾಜಾದಿತ್ಯ ಕನ್ನಡದಲ್ಲೇ 'ವ್ಯವಹಾರಗಣಿತ' ಬರೆದಿದ್ದ ನಾಡಿಗೆ ಇದು ತಡವೇ.

ಅದೇ ಶತಮಾನದ ಭಾಸ್ಕರಾಚಾರ್ಯರ ಊರು ವಿಜಯಪುರವೋ ಖಾನದೇಶವೋ ಎಂಬ ವಾದ ಮುಗಿದಿಲ್ಲ. ಅವರ 'ಬೀಜಗಣಿತ'ದ ಕೋತಿಗಳ ಲೆಕ್ಕ ಮಾತ್ರ ನಮ್ಮ ವಿಷಯದ ನಡುಮನೆಗೇ ಕರೆದೊಯ್ಯುತ್ತದೆ. ಹಿಂಡಿನ ಐದನೇ ಒಂದು ಪಾಲಿನಲ್ಲಿ ಮೂರು ಕಳೆದು, ಉಳಿದದ್ದನ್ನು ವರ್ಗ ಮಾಡಿದಷ್ಟು ಕೋತಿಗಳು ಗುಹೆ ಸೇರಿದವು; ಒಂದು ಮಾತ್ರ ಕಾಣುತ್ತಿದೆ. ಹಿಂಡಿನಲ್ಲೆಷ್ಟು? ಲೆಕ್ಕ ಬಿಡಿಸಿದರೆ 50 ಮತ್ತು 5 ಬರುತ್ತವೆ. 50ರ ಐದನೇ ಒಂದು ಪಾಲು 10, ಮೂರು ಕಳೆದರೆ 7, ಅದರ ವರ್ಗ 49, ಸರಿ. 5ರ ಪಾಲು 1, ಮೂರು ಕಳೆದರೆ −2, ಅದರ ವರ್ಗ 4. ಅಂಕಿಗಳು ಇಲ್ಲೂ ಕೂಡಿಬರುತ್ತವೆ. ಆದರೂ ಭಾಸ್ಕರರು 5ನ್ನು ಒಪ್ಪಲಿಲ್ಲ. ಒಂದು ಕೋತಿಯಲ್ಲಿ ಮೂರನ್ನು ಕಳೆಯುವುದು ಹೇಗೆ? ಇಂದಿನ ಬರಹದಲ್ಲಿ, |ಯ/5 − 3| = √(ಯ − 1) ಎಂದರೆ ಎರಡೂ ಉತ್ತರ ನಿಲ್ಲುತ್ತವೆ; ಗೆರೆಗಳನ್ನು ತೆಗೆದರೆ 50 ಒಂದೇ. ನಿರಪೇಕ್ಷ ಬೆಲೆ ಮಾಡುವ ಕೆಲಸವನ್ನು ಇದಕ್ಕಿಂತ ಚೆನ್ನಾಗಿ ತೋರಿಸುವ ಲೆಕ್ಕ ನಾನು ಕಂಡಿಲ್ಲ.

ಕುರುಗೋಡು, ಸಿರುಗುಪ್ಪದ ಕನ್ನಡ ಶಾಲೆಗಳಲ್ಲಿ ಎಸ್ಸೆಸ್ಸೆಲ್ಸಿ ಮುಗಿಸಿ ಬಳ್ಳಾರಿಯಲ್ಲಿ ವಿಜ್ಞಾನ ಹಿಡಿಯುವ ಮಕ್ಕಳಿಗೆ ಈ ಬೆಳವಣಿಗೆಯ ಕೊನೆಯ ರೂಪ ಮಾತ್ರ ಇಂಗ್ಲಿಷಿನಲ್ಲಿ ಸಿಗುತ್ತದೆ. 'ಒಂದು ಸಲ ಕೂಡು ಚಿಹ್ನೆ, ಒಂದು ಸಲ ಕಳೆ ಚಿಹ್ನೆ' ಎಂಬ ಸೂತ್ರ ಬಾಯಿಪಾಠವಾಗುತ್ತದೆ, ತಾಳೆ ನೋಡುವುದು ಬಿಟ್ಟುಹೋಗುತ್ತದೆ. |2ಯ − 5| = ಯ − 4 ಎಂಬುದನ್ನು ಹಾಗೆ ಬಿಡಿಸಿದರೆ 1 ಮತ್ತು 3 ಬರುತ್ತವೆ. 1 ಹಾಕಿದರೆ ಬಲಗಡೆ −3, 3 ಹಾಕಿದರೆ −1. ದೂರ ಋಣವಾಗದು, ಆದ್ದರಿಂದ ಎರಡೂ ಸಲ್ಲವು, ಸಮೀಕರಣಕ್ಕೆ ಉತ್ತರವೇ ಇಲ್ಲ. ಸೂತ್ರವನ್ನಷ್ಟೇ ನಂಬಿದ ವಿದ್ಯಾರ್ಥಿ ಇಲ್ಲಿ ಅಂಕ ಕಳೆದುಕೊಳ್ಳುತ್ತಾನೆ.

ಮೂರೂ ಊರುಗಳ ಗಣಿತ ಮೇಷ್ಟ್ರುಗಳಲ್ಲಿ ನನ್ನ ಕೋರಿಕೆ ಇದು: ಮೊದಲು ಸಂಖ್ಯಾರೇಖೆಯ ಮೇಲೆ ದೂರ ಅಳೆಸಿ, ಆಮೇಲೆ ಕೋತಿಗಳ ಲೆಕ್ಕವನ್ನು ಕನ್ನಡದಲ್ಲೇ ಕೊಡಿ. ಸೂತ್ರವನ್ನು ಅದಾದ ಮೇಲೆ ಬರೆಸಿ.